ಹತ್ತು ದಿನದ ಆಟಗಾರ

ಆಟಗಾರರು ಬರೆದುಕೊಳ್ಳುವ ಆತ್ಮಚರಿತ್ರೆಗಳು ಸಾಮಾನ್ಯವಾಗಿ ಗೆದ್ದವರವು. ಬಾಲ್ಯದ ಕಷ್ಟ, ಗುರುವಿನ ಕಟ್ಟುನಿಟ್ಟು, ಕಡೆಗೆ ಪದಕ, ಕೀರ್ತಿ. ಮೊದಲ ಅಧ್ಯಾಯವನ್ನೋದಿದವನು ಕೊನೆಯದನ್ನು ತಾನೇ ಊಹಿಸಬಲ್ಲನು. ಅಮೆರಿಕದ ಪಾಲ್ ಶರ್ಲಿಯವರು 2007ರಲ್ಲಿ ಪ್ರಕಟಿಸಿದ ‘ಕ್ಯಾನ್ ಐ ಕೀಪ್ ಮೈ ಜರ್ಸಿ?’ ಎಂಬ ಪುಸ್ತಕ ಆ ಜಾತಿಯದಲ್ಲ. ‘ಅಂಗಿಯನ್ನಾದರೂ ಇಟ್ಟುಕೊಳ್ಳಲೇ?’ ಎಂದು ಈ ಹೆಸರನ್ನು ಕನ್ನಡಿಸಬಹುದು. ತಂಡದಿಂದ ಹೊರಬಿದ್ದವನ ಬಾಯಿಗೆ ಒಪ್ಪುವ ಮಾತು ಅದು. ಹನ್ನೊಂದು ತಂಡ, ಐದು ದೇಶ, ನಾಲ್ಕು ವರ್ಷ ಎಂದು ಪುಸ್ತಕದ ಉಪಶೀರ್ಷಿಕೆಯೇ ಲೆಕ್ಕವೊಪ್ಪಿಸುತ್ತದೆ.

ಶರ್ಲಿಯವರು ಅಯೋವ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಯಂತ್ರಶಾಸ್ತ್ರವನ್ನೋದಿ ಅಲ್ಲಿಯೇ ಬಾಸ್ಕೆಟ್ ಬಾಲ್ ಆಡಿದವರು. 2001ರಲ್ಲಿ ದೊಡ್ಡ ತಂಡಗಳು ಹೊಸಬರನ್ನು ಆರಿಸಿಕೊಂಡಾಗ ಇವರನ್ನು ಯಾರೂ ಆರಿಸಲಿಲ್ಲ. ಅಲ್ಲಿಂದ ಮುಂದೆ ಗ್ರೀಸಿನ ಅಥೆನ್ಸ್, ಸ್ಪೇನಿನ ಬಡಲೋನ, ರಷ್ಯದ ಕಜಾನ್. ನಡುನಡುವೆ ಸ್ವದೇಶದ ಚಿಲ್ಲರೆ ತಂಡಗಳು. ಅದೃಷ್ಟ ಕೂಡಿಬಂದಾಗ ಅಟ್ಲಾಂಟ, ಷಿಕಾಗೊ, ಫೀನಿಕ್ಸ್. ಈ ದೊಡ್ಡ ಮೂರು ತಂಡಗಳಲ್ಲಿಯೂ ಸೇರಿ ಅವರು ಆಡಿದ ಪಂದ್ಯಗಳು ಇಪ್ಪತ್ತಕ್ಕೂ ಕಡಮೆ.

ಇಲ್ಲಿ ಹತ್ತು ದಿನದ ಕರಾರೆಂಬುದನ್ನು ವಾಚಕರು ತಿಳಿದಿರಬೇಕು. ಋತುವಿನ ನಡುವೆ ಆಟಗಾರರ ಕೊರತೆ ಬಿದ್ದಾಗ ತಂಡದ ಯಜಮಾನರು ಹೊರಗಿನವನೊಬ್ಬನನ್ನು ಹತ್ತು ದಿನಗಳ ಮಟ್ಟಿಗೆ ಕರೆಸಿಕೊಳ್ಳಬಹುದು. ಅದೇ ಋತುವಿನಲ್ಲಿ ಅವನಿಗೆ ಇನ್ನೊಂದು ಹತ್ತು ದಿನ ಕೊಡಬಹುದು. ಆಮೇಲೆ ಋತು ಮುಗಿಯುವವರೆಗೂ ಇಟ್ಟುಕೊಳ್ಳಬೇಕು, ಇಲ್ಲವೆ ಕಳುಹಿಸಿಬಿಡಬೇಕು. ಹೀಗೆ ಬಂದವನಿಗೆ ಸಹ ಆಟಗಾರರ ಹೆಸರು ಬಾಯಿಗೆ ಬರುವಷ್ಟರಲ್ಲಿ ಪೆಟ್ಟಿಗೆ ಕಟ್ಟುವ ಹೊತ್ತಾಗಿರುತ್ತದೆ.

ಇಂತಹ ಬಾಳಿಗೆ ದಿನಚರಿಯ ರೂಪವನ್ನಾರಿಸಿಕೊಂಡದ್ದು ಗ್ರಂಥಕರ್ತರ ವಿವೇಕ. ಮುಪ್ಪಿನಲ್ಲಿ ಕುಳಿತು ಬರೆದ ಚರಿತ್ರೆ ಹಿಂದಿನದಕ್ಕೆಲ್ಲ ಒಂದು ಸೂತ್ರವನ್ನು ಪೋಣಿಸಿಬಿಡುತ್ತದೆ. ಇಲ್ಲಿ ಬರೆಯುವವರಿಗೆ ಬರುವ ವಾರ ತಾವು ಯಾವ ಊರಿನಲ್ಲಿರುವೆವೆಂಬುದೇ ತಿಳಿಯದು. ಕಥೆಗೆ ಏರಿಲ್ಲ, ಇಳಿತವಿಲ್ಲ. ದೂರವಾಣಿಗಾಗಿ ಕಾಯುವುದಿದೆ, ವಿಮಾನ ಹತ್ತುವುದಿದೆ, ಪುನಃ ಕಾಯುವುದಿದೆ. ಬೇಸರದ ಪುಟಗಳೂ ಇಲ್ಲಿ ಸುಳ್ಳಲ್ಲ.

ಆದರೆ ಪರಿಹಾಸದ ವಿಷಯದಲ್ಲಿ ಗ್ರಂಥಕರ್ತರಿಗೆ ಮಿತಿ ತಿಳಿಯದು. ಮೊದಲು ತಮ್ಮನ್ನೇ ಹಾಸ್ಯಮಾಡಿಕೊಳ್ಳುತ್ತಾರೆ, ಅದು ಸೊಗಸು. ಅನಂತರ ಸಂಗಡಿಗರನ್ನು, ಶಿಕ್ಷಕರನ್ನು, ಉಂಡ ಊಟವನ್ನು, ಕಂಡ ಊರನ್ನು. ವೋಲ್ಗಾ ತೀರದ ಕಜಾನ್ ನಗರ ತಾತಾರರ ಪುರಾತನ ರಾಜಧಾನಿ. ಅಂತಹ ಊರಿನಲ್ಲಿದ್ದವರಿಂದ ಚಳಿಯನ್ನೂ ಅನಾನುಕೂಲವನ್ನೂ ಮೀರಿದ ಮಾತನ್ನು ವಾಚಕರು ನಿರೀಕ್ಷಿಸಿದರೆ ತಪ್ಪೇನು? ನಗೆ ಇಲ್ಲಿ ಕವಚವಾಗಿದೆ. ಕವಚ ತೊಟ್ಟವರು ಗಾಯದಿಂದ ಪಾರಾಗಬಹುದು, ಆದರೆ ಕಣ್ಣಿಗೆ ಕಾಣುವುದೂ ಕಡಮೆಯಾಗುತ್ತದೆ.

ಕವಚವನ್ನು ಭೇದಿಸಿದ್ದು 2004ರ ಜನವರಿಯ ಪೆಟ್ಟು. ಷಿಕಾಗೊ ತಂಡದಲ್ಲಿ ಆಡುತ್ತಿದ್ದಾಗ ಎದುರಾಳಿಗೆ ಡಿಕ್ಕಿಹೊಡೆದು ಅವರ ಮೂತ್ರಪಿಂಡವೂ ಗುಲ್ಮವೂ ಸೀಳಿದುವು. ಆ ಭಾಗದಲ್ಲಿಯೂ ಅವರು ನಗಿಸಲು ಯತ್ನಿಸದೆ ಇಲ್ಲ. ನಗೆ ಮಾತ್ರ ಬರುವುದಿಲ್ಲ. ಇಷ್ಟರವರೆಗೆ ಪಂಥವಾಗಿ ಕಾಣುತ್ತಿದ್ದ ಕಸುಬು ಅಲ್ಲಿ ದೇಹವನ್ನೇ ಒತ್ತೆಯಿಟ್ಟ ಕಸುಬಾಗಿ ಕಾಣುತ್ತದೆ. ಪುಸ್ತಕದ ಶ್ರೇಷ್ಠ ಪುಟಗಳು ಇವು.

ಇದರೊಡನೆ ಇಟ್ಟು ನೋಡಬೇಕಾದುದು ಡೇವಿಡ್ ಹಾಲ್‌ಬರ್‌ಸ್ಟಾಮರ ‘ದಿ ಬ್ರೇಕ್ಸ್ ಆಫ್ ದಿ ಗೇಮ್’. 1979–80ರ ಋತುವಿನಲ್ಲಿ ಪೋರ್ಟ್‌ಲೆಂಡ್ ತಂಡದ ಬೆನ್ನುಹತ್ತಿ ಅವರು ಬರೆದ ಆ ಗ್ರಂಥ 1981ರಲ್ಲಿ ಹೊರಬಂದಿತು. ಬಿಲ್ಲಿ ರೇ ಬೇಟ್ಸ್ ಎಂಬ ಹತ್ತು ದಿನದ ಆಟಗಾರರೊಬ್ಬರು ಅದರಲ್ಲಿಯೂ ಬರುತ್ತಾರೆ. ಮಿಸಿಸಿಪ್ಪಿಯಲ್ಲಿ ಕೋರಿಗೆ ಹೊಲ ಉಳುತ್ತಿದ್ದ ಕಪ್ಪುಜನಾಂಗದ ಮನೆಯಲ್ಲಿ ಹುಟ್ಟಿ, ಮೇನ್ ಪ್ರಾಂತದ ಸಣ್ಣ ತಂಡದಿಂದ 1980ರಲ್ಲಿ ಬಂದ ಅವರು ಅದೇ ವರ್ಷ ಸಿಯಾಟಲ್ ತಂಡದೆದುರು ಪಂದ್ಯವೊಂದಕ್ಕೆ ಸರಾಸರಿ 25 ಅಂಕ ಗಳಿಸಿದರು. ಪೋರ್ಟ್‌ಲೆಂಡಿನಲ್ಲಿಯೂ ಅವರ ನೆಲೆ ಬಹುಕಾಲ ನಿಲ್ಲಲಿಲ್ಲ. ಮುಂದೆ ಫಿಲಿಪೀನ್ಸಿನಲ್ಲಿ ಆಡಿ ಜನಪ್ರಿಯರಾದರು.

ಕರಾರು ಒಂದೇ, ದಿನಗಳು ಹತ್ತೇ. ಆದರೆ ಇಬ್ಬರೂ ಕಾದದ್ದು ಒಂದನ್ನೇ ಅಲ್ಲ. ಶರ್ಲಿಯವರ ಹಿಂದೆ ಯಂತ್ರಶಾಸ್ತ್ರದ ಪದವಿಯೆಂಬ ಇನ್ನೊಂದು ಬಾಗಿಲು ತೆರೆದಿತ್ತು. ಅವರ ನಗೆಯ ಧಾರಾಳ ಬಹುಮಟ್ಟಿಗೆ ಅಲ್ಲಿಂದ ಬಂದುದು. ಬೇಟ್ಸರ ಮುಂದಿದ್ದುದು ಒಂದೇ ಬಾಗಿಲು. ಹಾಲ್‌ಬರ್‌ಸ್ಟಾಮರಿಗೆ ಈ ಭೇದ ತಿಳಿದಿತ್ತು. ಶರ್ಲಿಯವರು ತಮ್ಮ ಸಂಗಡಿಗರನ್ನು ಚಿತ್ರಿಸುವಾಗ ಅದನ್ನು ಮರೆಯುತ್ತಾರೆ. ಪುಸ್ತಕದ ನಿಜವಾದ ನ್ಯೂನತೆ ಇದೇ. ಪರಿಹಾಸದ ಅತಿ ಅದರ ಲಕ್ಷಣ ಮಾತ್ರ.

ಆದರೂ ಒಂದು ಮಾತನ್ನು ಒಪ್ಪಬೇಕು. ಬೇಟ್ಸರ ಕಥೆಯನ್ನು ಬೇರೊಬ್ಬರು ಹೇಳಬೇಕಾಯಿತು. ಶರ್ಲಿಯವರು ತಮ್ಮದನ್ನು ತಾವೇ ಹೇಳಿದರು. 2005ರಲ್ಲಿ ಫೀನಿಕ್ಸ್ ತಂಡ ಆ ಋತುವಿನ 62 ಪಂದ್ಯಗಳನ್ನು ಗೆದ್ದು ಮೆರೆಯುತ್ತಿದ್ದಾಗ ಇವರು ಬೆಂಚಿನ ತುದಿಯಲ್ಲಿ ಕುಳಿತು, ತಂಡದ ಜಾಲತಾಣಕ್ಕಾಗಿ ಪ್ರಯಾಣದ ದಿನಚರಿ ಬರೆದರು. ಅಂಕಣಕ್ಕಿಳಿದಾಗ ದೊರೆಯದ ಮನ್ನಣೆ ಅಂಕಣದ ಹೊರಗೆ ಕುಳಿತದ್ದಕ್ಕೆ ದೊರೆಯಿತು. ಎರಡು ಗ್ರಂಥಗಳೂ ಕೈಗೆ ಸಿಕ್ಕಿದ ವಾಚಕರು ಹಾಲ್‌ಬರ್‌ಸ್ಟಾಮರದನ್ನು ಮೊದಲು ಓದಲಿ. ಅದಾದ ಮೇಲೆ ಶರ್ಲಿಯವರ ನಗೆಯಲ್ಲಿ ಯಾವುದು ಅವರ ಸ್ವಂತದ್ದು, ಯಾವುದು ಪದವಿಯದು ಎಂದು ವಿಂಗಡಿಸುವುದು ಸುಲಭವಾಗುತ್ತದೆ.