ಹೋಮಾಯಿ ನಿಂತ ದೂರ

'ಭಾರತದ ಮೊದಲ ಮಹಿಳಾ ಪತ್ರಿಕಾ ಛಾಯಾಗ್ರಾಹಕಿ' ಎಂಬ ಬಿರುದು ಕೊಟ್ಟು ಹೋಮಾಯಿ ವ್ಯಾರಾವಾಲಾ ಅವರನ್ನು ಗೋಡೆಗೆ ತೂಗುಹಾಕಿಬಿಟ್ಟಿದ್ದೇವೆ. ಅವರ ಚಿತ್ರಗಳನ್ನು ನೋಡುವ ಗೋಜಿಗೆ ಹೋಗುವವರು ಕಡಿಮೆ. 1913ರಲ್ಲಿ ಗುಜರಾತಿನ ನವಸಾರಿಯಲ್ಲಿ ಹುಟ್ಟಿದ ಈ ಪಾರ್ಸಿ ಹೆಣ್ಣುಮಗಳು ಮುಂಬಯಿಯಲ್ಲಿ ತೆಗೆದ ಮೊದಮೊದಲ ಚಿತ್ರಗಳು ಅಚ್ಚಾದದ್ದು ಗಂಡ ಮಾಣೆಕ್‌ಶಾ ಹೆಸರಿನಲ್ಲಿ! ನನಗೆ ಆ ಕಾಲದ ಚಿತ್ರಗಳೇ ಹೆಚ್ಚು ಪ್ರಿಯ. ಜೆ.ಜೆ. ಕಲಾಶಾಲೆಯ ಗೆಳತಿಯರು ಅಲ್ಲಿ ಯಾರ ಅಪ್ಪಣೆಯೂ ಬೇಡವೆಂಬಂತೆ ಇದ್ದಾರೆ.

1942ರಲ್ಲಿ ದೆಹಲಿಗೆ ಬಂದ ಮೇಲೆ ಕ್ಯಾಮೆರಾ ದೊಡ್ಡವರತ್ತ ತಿರುಗಿತು. ಸೀರೆಯುಟ್ಟು, ಭಾರದ ಕ್ಯಾಮೆರಾ ಹೊತ್ತು ಸೈಕಲ್ಲಿನಲ್ಲಿ ಓಡಾಡುತ್ತಿದ್ದರಂತೆ. ಪಾರಿವಾಳ ಹಾರಿಬಿಡುವ ನೆಹರೂ ಚಿತ್ರವನ್ನು ಎಲ್ಲರೂ ಹೊಗಳುತ್ತಾರೆ. ತಮ್ಮ ಬಾಯಲ್ಲೂ ಸಿಗರೇಟು ಕಚ್ಚಿಕೊಂಡು ಬ್ರಿಟಿಷ್ ಉಪ ಹೈಕಮಿಷನರರ ಹೆಂಡತಿಯ ಸಿಗರೇಟು ಹೊತ್ತಿಸುತ್ತಿರುವ ನೆಹರೂ ನನಗೆ ಅದಕ್ಕಿಂತ ಜೀವಂತವಾಗಿ ಕಾಣುತ್ತಾರೆ. ಅದರಲ್ಲಿ ಭಕ್ತಿಯಿಲ್ಲ, ಚಾಡಿ ಹೇಳುವ ಚಪಲವೂ ಇಲ್ಲ. ಕಾಲಿಗೆ ಬೀಳದೆ, ಮೈಮೇಲೂ ಬೀಳದೆ ನಿಲ್ಲಬೇಕಾದ ದೂರ ಅವರಿಗೆ ಗೊತ್ತಿತ್ತು. ಆದರೆ ದೆಹಲಿಯ ಆ ಔತಣಕೂಟಗಳಲ್ಲಿ ಅಡುಗೆಮನೆಯವರ ಮುಖ ನೋಡಬೇಕೆಂದು ನನ್ನ ಕಣ್ಣು ಹುಡುಕಿದ್ದೂ ನಿಜ.

1970ರಲ್ಲಿ ಅವರು ವೃತ್ತಿಯನ್ನೇ ಬಿಟ್ಟರು. ಹಿಂದಿನ ವರ್ಷ ಗಂಡ ತೀರಿಕೊಂಡಿದ್ದರು. ಆದ್ದರಿಂದ ವಿಧವೆಯ ವೈರಾಗ್ಯವೆಂದು ತಿಳಿಯುವುದು ಸುಲಭ. ಅವರು ಕೊಟ್ಟ ಕಾರಣ ಬೇರೆ: ಹೊಸ ಛಾಯಾಗ್ರಾಹಕರ ನೂಕುನುಗ್ಗಲು, ಮರ್ಯಾದೆಗೆಟ್ಟ ನಡವಳಿಕೆ. ಪತ್ರಿಕಾ ಛಾಯಾಗ್ರಹಣದ ಘನತೆಗಾಗಿ ಅವರು ಭಾಷಣ ಮಾಡಲಿಲ್ಲ. ಕ್ಯಾಮೆರಾ ಕೆಳಗಿಟ್ಟರು, ಅಷ್ಟೆ. ಮುಂದೆ ವಡೋದರಾದಲ್ಲಿ ಗಿಡ ಬೆಳೆಸಿಕೊಂಡು, ಮನೆಯ ಮರಗೆಲಸವನ್ನೂ ತಾವೇ ಮಾಡಿಕೊಂಡು ಬದುಕಿದರು. ಪದ್ಮವಿಭೂಷಣ ಬಂದದ್ದು 2011ರಲ್ಲಿ, ಅವರು ವೃತ್ತಿ ಬಿಟ್ಟು 41 ವರ್ಷಗಳಾದ ಮೇಲೆ.