ಮುಖ ಯಂತ್ರದ್ದು, ಕಣ್ಣೀರು ಕೈಯದ್ದು

ಇಟಲಿಯ ಫ್ರಾಂಚೆಸ್ಕೊ ವೆಝೋಲಿ ಸೂಜಿ ಹಿಡಿದಾಗ ಒಂದು ಬಗೆಯ ಕಲಾವಿದ, ಕ್ಯಾಮೆರಾ ಹಿಡಿದಾಗ ಇನ್ನೊಂದು ಬಗೆ. ಹೆಸರು ತಂದುಕೊಟ್ಟದ್ದು ಕ್ಯಾಮೆರಾ. ನನಗೆ ಭರವಸೆ ಇರುವುದು ಸೂಜಿಯ ಮೇಲೆ.

1971ರಲ್ಲಿ ಬ್ರೆಶಾದಲ್ಲಿ ಹುಟ್ಟಿ ಲಂಡನ್ನಿನಲ್ಲಿ ಕಲೆ ಕಲಿತ ವೆಝೋಲಿ ಹಳೆಯ ಚಿತ್ರತಾರೆಯರ ಫೋಟೊಗಳನ್ನು ಕ್ಯಾನ್ವಾಸಿನ ಮೇಲೆ ಮುದ್ರಿಸುತ್ತಾರೆ. ಕಣ್ಣಂಚಿನಿಂದ ಕೆನ್ನೆಗಿಳಿಯುವ ಹನಿಯನ್ನು ಮಾತ್ರ ಮಿರುಗುವ ಲೋಹದೆಳೆಯಲ್ಲಿ ಹೊಲಿಯುತ್ತಾರೆ. ಸ್ಟುಡಿಯೊದವರು ಬೆಳಕು ಬಿಟ್ಟು, ಸುಕ್ಕು ಅಳಿಸಿ ತಯಾರಿಸಿದ ಆ ಮುಖಗಳಲ್ಲಿ ಅಳುವಿಗೆ ಜಾಗವೇ ಇರಲಿಲ್ಲ. ಅದನ್ನು ಚುಚ್ಚಿ ಚುಚ್ಚಿ ತುಂಬಬೇಕಾಯಿತು. ಆದರೆ ಹನಿಯೂ ಒಡವೆಯಂತೆ ಹೊಳೆಯುತ್ತದೆ. ತಾರೆಯ ದುಃಖವನ್ನೂ ನಾವು ಚೆಂದ ನೋಡುತ್ತ ನಿಂತಿರುತ್ತೇವೆ. ಕನಿಕರ, ಕುಚೋದ್ಯ ಎರಡೂ ಒಂದೇ ದಾರದಲ್ಲಿವೆ.

1997ರ ‘ಓಕೆ, ದ ಪ್ರಾಜ್ ಈಸ್ ರೈಟ್’ ಕಿರುಚಿತ್ರದಲ್ಲಿ ಸೂಜಿ, ಕ್ಯಾಮೆರಾ ಎರಡೂ ಒಂದೆಡೆ ಸೇರಿದ್ದವು. ರೋಮಿನಲ್ಲಿ ವಿದ್ವಾಂಸ ಮಾರಿಯೊ ಪ್ರಾಜ್ ಬಾಳಿದ, ಹಳೆಯ ಪೀಠೋಪಕರಣಗಳು ಕಿಕ್ಕಿರಿದ ಮನೆ. ವಸ್ತುಗಳ ಬೆಲೆ ಊಹಿಸುವ ಟಿವಿ ಆಟ ನಡೆಸುತ್ತಿದ್ದ ಗಾಯಕಿ ಇವಾ ಝಾನಿಕ್ಕಿ ಅಲ್ಲಿ ಬರುತ್ತಾರೆ. ವೆಝೋಲಿ ತಮ್ಮ ಪಾಡಿಗೆ ಕಸೂತಿ ಹಾಕುತ್ತ ಕೂತಿದ್ದಾರೆ. ಅಭಿಮಾನಿಯ ಏಕಾಂತ ಇಷ್ಟು ಸಲೀಸಾಗಿ ಅವರ ಮುಂದಿನ ಚಿತ್ರಗಳಲ್ಲಿ ಕಾಣಲಿಲ್ಲ.

2005ರ ವೆನಿಸ್ ಬಿನಾಲೆಯಲ್ಲಿ ಗದ್ದಲವೆಬ್ಬಿಸಿದ್ದು ‘ಕಲಿಗ್ಯುಲಾ’. ಹಳೆಯ ಸಿನಿಮಾವೊಂದರ, ಯಾರೂ ತೆಗೆಯದ ಮರುನಿರ್ಮಾಣಕ್ಕೆ ಐದು ನಿಮಿಷದ ಟ್ರೈಲರ್! 1979ರ ಮೂಲ ಚಿತ್ರದಿಂದ ದೂರ ಸರಿದಿದ್ದ ಲೇಖಕ ಗೋರ್ ವಿಡಾಲ್ ಇಲ್ಲಿ ಖುದ್ದಾಗಿ ಬರುತ್ತಾರೆ, ಅಲ್ಲಿ ನಟಿಸಿದ್ದ ಹೆಲೆನ್ ಮಿರನ್ ಕೂಡ. ಉಡುಪು ಡೊನಾಟೆಲ್ಲಾ ವರ್ಸಾಚೆ ಅವರದು. ಮೊದಲ ಸಲ ನಗು ಬರುತ್ತದೆ. 2009ರಲ್ಲಿ ‘ಗ್ರೀಡ್’ ಎಂಬ ಇಲ್ಲದ ಸುಗಂಧದ ಜಾಹೀರಾತಿನಲ್ಲಿ ರೋಮನ್ ಪೊಲಾನ್‌ಸ್ಕಿ ನಿರ್ದೇಶನದಲ್ಲಿ ನಟಾಲಿ ಪೋರ್ಟ್‌ಮನ್, ಮಿಶೆಲ್ ವಿಲಿಯಮ್ಸ್ ಬಾಟಲಿಗಾಗಿ ಕಿತ್ತಾಡುವ ಹೊತ್ತಿಗೆ ಆ ನಗು ಹಳಸಿತ್ತು. ಅಸಲಿ ಸೆಂಟಿನ ಜಾಹೀರಾತೂ ಹೀಗೇ ಇರುತ್ತದಲ್ಲ?

ತೊಡಕಿರುವುದು ಒಪ್ಪಿಗೆಯಲ್ಲಿ. ತಾರೆಯರು ಒಪ್ಪಿದರೆ ಮಾತ್ರ ಇಂಥ ಚಿತ್ರಗಳು ಸಾಧ್ಯ. ತಮಗೆ ನಷ್ಟವಾಗುವ ಗೇಲಿಗೆ ಅವರೇಕೆ ಒಪ್ಪುತ್ತಾರೆ? ಕಸೂತಿಗೆ ಆ ದಾಕ್ಷಿಣ್ಯವಿರಲಿಲ್ಲ.

ಈ ತೊಡಕನ್ನು ಮೀರಿದ್ದು 2007ರ ‘ಡೆಮೊಕ್ರೇಝಿ’. ಶರಾನ್ ಸ್ಟೋನ್ ಮತ್ತು ಫ್ರೆಂಚ್ ಚಿಂತಕ ಬರ್ನಾರ್ ಆನ್ರಿ ಲೆವಿ ಅದರಲ್ಲಿ ಅಮೆರಿಕದ ಅಧ್ಯಕ್ಷ ಹುದ್ದೆಯ ಕಾಲ್ಪನಿಕ ಅಭ್ಯರ್ಥಿಗಳು. ಇಬ್ಬರ ಪ್ರಚಾರಚಿತ್ರಗಳಿಗೂ ನೆರವಾದವರು ಅಲ್ಲಿ ನಿಜವಾದ ರಾಜಕಾರಣಿಗಳಿಗೆ ಇದೇ ಕೆಲಸ ಮಾಡಿಕೊಡುವ ಸಲಹೆಗಾರರು.