ಅಂಗೈಯೊಳಗಣ ಎಲೆ

ಇಸ್ಪೀಟಿನ ಎಲೆಯೊಂದನ್ನು ಸಭಿಕರ ಕಣ್ಣೆದುರಿಗೇ ಕಟ್ಟಿನಿಂದ ಅಪಹರಿಸಿ ಅಂಗೈಯಲ್ಲಿ ಅಡಗಿಸಿಕೊಳ್ಳುವ ಹಸ್ತಲಾಘವಕ್ಕೆ, 1902ರಲ್ಲಿ ಶಿಕಾಗೋ ನಗರದಲ್ಲಿ ಎಸ್. ಡಬ್ಲ್ಯು. ಅರ್ಡ್‌ನೇಸ್ ಎಂಬ ಕಲ್ಪಿತನಾಮದಿಂದ ಪ್ರಕಟವಾದ ಪುಸ್ತಕವೇ ಇಂದಿಗೂ ಪ್ರಮಾಣಗ್ರಂಥವೆನಿಸಿದೆ. ಎಲೆಯನ್ನು ಮರೆಸುವ ಬಗೆಯನ್ನು ಅಷ್ಟು ವಿಶದವಾಗಿ ಬಿಚ್ಚಿಟ್ಟ ಆ ಮಹಾಶಯನು ತನ್ನ ನಿಜನಾಮವನ್ನು ಮಾತ್ರ ಬಿಟ್ಟುಕೊಡಲಿಲ್ಲ.

ಎಡಗೈಯಲ್ಲಿನ ಕಟ್ಟಿನ ಮೇಲೆ ಬಲಗೈ ಕವಿದಾಗ, ಕಿರುಬೆರಳ ತುದಿಯು ಮೇಲಿನೆಲೆಯ ಹೊರಮೂಲೆಯನ್ನು ಕಿಂಚಿತ್ತೇ ಒತ್ತಿದರೆ, ಎಲೆಯ ಒಳತುದಿ ತಾನಾಗಿ ಮೇಲೆದ್ದು ಹೆಬ್ಬೆರಳ ಬುಡದ ಮಾಂಸಲಭಾಗಕ್ಕೆ ತಾಗಿ, ತುಸುವೇ ಬಾಗಿ, ಅಂಗೈಯ ಗುಳಿಯಲ್ಲಿ ನೆಲೆಗೊಳ್ಳುತ್ತದೆ. 63 ಮಿಲಿಮೀಟರ್ ಅಗಲದ ಎಲೆ ಹಿರಿದೆನಿಸಿದವರಿಗೆ 57ರ ಬ್ರಿಜ್ ಎಲೆಯೇ ಲೇಸು. ಇಷ್ಟನ್ನು ಬೆರಳುಗಳು ಬೇಗನೆ ಕಲಿಯುತ್ತವೆ. ದುಸ್ಸಾಧ್ಯವಾದುದೆಂದರೆ, ಕದ್ದ ಕೈಯನ್ನು ಬರಿಗೈಯಂತೆ ಇರಗೊಡುವುದು. ಹೆಬ್ಬೆರಳು ಸೆಟೆದು ನಿಂತಿತೋ, ಕಣ್ಣು ಕೈಯತ್ತ ಜಾರಿತೋ, ಆಟ ಮುಗಿದಂತೆಯೇ.

ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು ಪ್ರೀತಿಯಿಂದ ಪೋಷಿಸಿದ ಗಂಜೀಫಾದ ದುಂಡನೆಯ, ಮೆರುಗೆಣ್ಣೆ ಲೇಪಿಸಿದ ಎಲೆಗಳು ಕಣ್ಣಿಗೆ ಎಷ್ಟೇ ಸೊಗಸಾದರೂ, ಬಾಗಲೊಲ್ಲವಾದ್ದರಿಂದ ಈ ಉಪಾಯಕ್ಕೆ ಒಗ್ಗುವುದಿಲ್ಲ. ಜೂಜಾಡುವ ರಾಜಸಭೆಗೆ ಅದು ಒಳ್ಳೆಯ ರಕ್ಷಣೆಯೇ ಆಗಿದ್ದಿರಬೇಕು!

ಹೊಸಪೇಟೆಯಿಂದ ಕಮಲಾಪುರಕ್ಕೆ ಹೋಗುವ ದಾರಿಯ ಮಲಪನಗುಡಿಯಂಥ ಊರಿನಲ್ಲಿ ಕೈಚಳಕವನ್ನು ತೋರಹೊರಟವನಿಗೆ ಗ್ರಂಥದ ಸಹಾಯ ಅರ್ಧಕ್ಕೇ ನಿಲ್ಲುತ್ತದೆ. ಏಕೆಂದರೆ ಗ್ರಂಥಕರ್ತನ ಪ್ರೇಕ್ಷಕರು ಮೇಜಿನಾಚೆ ಕುರ್ಚಿಯಲ್ಲಿ ಕುಳಿತವರು, ನಮ್ಮವರಾದರೋ ಕಟ್ಟೆಯ ಮೇಲೊಬ್ಬರು, ಕೆಳಗೊಬ್ಬರು, ಬೆನ್ನ ಹಿಂದೆ ಹುಡುಗರ ಹಿಂಡು. ಕನ್ನಡಿಯ ಮುಂದೆ ಮಾಡಿದ ಅಭ್ಯಾಸವು ಮುಂಭಾಗವೊಂದನ್ನೇ ಕಾಯುತ್ತದೆ, ಹೆಬ್ಬೆರಳಿಗೂ ತೋರುಬೆರಳಿಗೂ ನಡುವಣ ಸಂದಿನಿಂದ ಇಣುಕುವ ಎಲೆಯಂಚು ಎಡಗಡೆ ಹಿಂದಿನವನಿಗೇ ಮೊದಲು ಕಾಣುವುದು, ಅವನೋ ಸುಮ್ಮನಿರುವವನಲ್ಲ, "ಅಣ್ಣಾ, ಕೈಯಾಗ ಐತಿ!" ಎಂದು ಕೂಗಿಯೇ ಕೂಗುತ್ತಾನೆ. ಹಣವಿಟ್ಟು ಆಡುವಲ್ಲಿ ಈ ವಿದ್ಯೆಯನ್ನು ಹೂಡುವವನಿಗೆ ಆ ಕೂಗು ಅರ್ಹವಾದ ದಂಡನೆ. ಅಂಥವನಿಗೆ ಈ ಅಂಕಣದಲ್ಲಿ ಉಪದೇಶವಿಲ್ಲ.

ವಿನೋದಕ್ಕಾಗಿ ಕಲಿಯುವವನು ಮಾತ್ರ ಕಟ್ಟೆಯ ಗೋಡೆಗೆ ಬೆನ್ನು ಕೊಟ್ಟು ಚಕ್ಕಳಮಕ್ಕಳ ಹಾಕಿ ಕುಳಿತು, ಕದ್ದ ಕೈಯಿಂದಲೇ ಕಟ್ಟನ್ನೆತ್ತಿ ಎದುರಿನವರಿಗೆ "ಕಲೆಸ್ರಿ" ಎಂದು ಕೊಟ್ಟು, ಅವರು ಕಲೆಸುವಷ್ಟು ಹೊತ್ತು ಆ ಕೈಯನ್ನು ತೊಡೆಯ ಮೇಲೆ ಕವುಚಿಟ್ಟು, ಮಳೆಬೆಳೆಯ ಮಾತನ್ನಾಡುತ್ತಿರಬೇಕು.